ಹೆಣದ ಮಾತು

ಮೂರನೇ ಸಲವೂ ಧೋಂಡೀಬಾ ಕ್ಯಾಮೆರಾದ ಕಡೆಗೇ ತಿರುಗಿ ಸತ್ತ.

"ಕಟ್!" ನಿರ್ದೇಶಕ ನಾನುಭಾಯಿ ಎದ್ದು ಬಂದ. "ದಾದಾ, ಅದು ಕಣ್ಣು. ಕಿವಿ ಅಂದ್ರೆ ಮೈಕು, ಅದಿರೋದು ನಿನ್ನ ದಿಂಬಿನ ಹಿಂದೆ. ಪರೇಲಿನ ಬಟ್ಟೆ ಗಿರಣಿಗೆಲ್ಲ ಕೇಳೋ ಹಂಗೆ ಕೂಗ್ಬೇಡ. ಪಕ್ಕದಲ್ಲಿ ಹೆಂಡ್ತಿ ಮಲಗಿದಾಳೆ ಅನ್ಕೊಂಡು ಮಾತಾಡು."

"ನಮ್ಮನೇಲಿ ಕೂಗಿದ್ರೂ ಕೇಳಲ್ಲ, ಶೇಟ್."

ಪರದೆಯ ಹಿಂದೆ ಅಡಗಿ ಕೂತಿದ್ದ ತಬಲದವನು ನಕ್ಕ. ನಾನುಭಾಯಿ ನಗಲಿಲ್ಲ.

ಮೂಕಿ ಚಿತ್ರಗಳಲ್ಲಿ ಒಂಬತ್ತು ವರ್ಷ ಖಳನಾಗಿದ್ದ ಧೋಂಡೀಬಾ ಗಾವಡೆಗೆ ಈಗ, ಮಾತಿನ ಚಿತ್ರ ಬಂದ ಮೇಲೆ, ಉಳಿದಿದ್ದುದು ಒಂದೇ ಸಾಲು. ಸಾಯುವ ಸರದಾರ ಮಗಳಿಗೆ, "ಕೋಟೆಯ ಬಾಗಿಲು ತೆರೆಯಬೇಡ" ಎನ್ನಬೇಕು. ಮಗಳು ಅವನ ತಲೆಯ ಬಳಿ ಕೂತು ಹಾಡಬೇಕು. ಮುಂದಿನ ತಿಂಗಳಿನಿಂದ ಮಾತು ಬರುವವರಿಗಷ್ಟೇ ಕಂಪನಿಯಲ್ಲಿ ಕಾಯಂ ಕೆಲಸ. ಉಳಿದವರು ಕರೆದ ದಿನ ಬಂದು ಗುಂಪಿನಲ್ಲಿ ಭರ್ಜಿ ಹಿಡಿದು ನಿಲ್ಲಬೇಕು.

ನಾಲ್ಕನೇ ಸಲ ಫ್ಯಾನು ನಿಂತಿತು, ದೀಪ ಹತ್ತಿತು. ಧೋಂಡೀಬಾ ದಿಂಬಿನತ್ತ ಮುಖ ಮಾಡಿ ಸಾಲು ಹೇಳಿದ. ದನಿ ಸ್ವಲ್ಪ ಒರಟಾಯಿತು, ಆದರೂ ನಡೆಯುವಂತಿತ್ತು. ನಾನುಭಾಯಿ ಕೈಯೆತ್ತಿ ಮುಂದುವರಿಸಲು ಸನ್ನೆ ಮಾಡಿದ. ಧೋಂಡೀಬಾ ಸತ್ತ.

ಮಗಳ ಪಾತ್ರದ ಮುನೀರಾ ಹಾಡು ಎತ್ತಿಕೊಂಡಳು. ಹದಿನೇಳರ ಹುಡುಗಿ, ಮೊದಲ ಚಿತ್ರ. ಎರಡನೇ ಚರಣಕ್ಕೆ ಬರುವಾಗ ಅವಳ ಉಸಿರು ನಡುಗಿದ್ದು ಧೋಂಡೀಬಾನಿಗೆ ಗೊತ್ತಾಯಿತು. ಮೂಕಿಯಲ್ಲಿ ಹೆಣಗಳೂ ಮಾತಾಡುತ್ತಿದ್ದವು. ಅಳು ಬಾರದ ನಾಯಕಿಯರಿಗೆ ಧೋಂಡೀಬಾ ತುಟಿ ಅಲುಗಿಸದೆ ಏನೇನೋ ಹೇಳಿ ಅಳಿಸಿದ್ದ, ನಗು ಬಂದವರನ್ನು ಗದರಿಸಿದ್ದ.

"ಹೆದರ್ಬೇಡ ಮಗಾ," ಎಂದ ಈಗಲೂ, ತುಟಿ ಅಲುಗಿಸದೆ. "ಚೆನ್ನಾಗಿ ಬರ್ತಿದೆ. ಹಾಡು."

ಧ್ವನಿಮುದ್ರಕ ಪೆಸ್ತನ್‌ಜಿ ಕಿವಿಯ ಯಂತ್ರ ಕಿತ್ತುಕೊಂಡು ಗಾಜಿನ ಕೋಣೆಯಿಂದ ಓಡಿ ಬಂದ.

"ಯಾರದು ಮಾತಾಡಿದ್ದು? ಏನು ದನಿ ಮಾರಾಯಾ! ಬೆಳಗ್ಗೆಯಿಂದ ನಾನು ಬೇಕು ಅಂತಿರೋದು ಇದನ್ನೇ ಅಲ್ವಾ!"

"ಹೆಣ," ಎಂದ ನಾನುಭಾಯಿ.

ಯಾರೂ ನಗಲಿಲ್ಲ. ಧೋಂಡೀಬಾ ಎದ್ದು ಕೂತ. "ಶೇಟ್, ಹಿಡಿತ ಸಿಕ್ತು. ಈಗ ಹೇಳ್ತೀನಿ ನೋಡಿ, ಇನ್ನೊಂದೇ ಸಲ."

"ರೀಲು ನಿಮ್ಮಪ್ಪ ಕೊಡ್ತಾನಾ? ಉಳಿದಿರೋದು ಹಾಡಿಗಷ್ಟೇ." ನಾನುಭಾಯಿ ಕಾಗದದ ಮೇಲಿದ್ದ ಅವನ ಸಾಲನ್ನು ಹೊಡೆದು ಹಾಕಿದ. "ಹಾಡಿಂದಲೇ ಶುರು ಮಾಡೋಣ. ದಾದಾ ಮೊದಲೇ ಸತ್ತಿರಲಿ."

ಧೋಂಡೀಬಾ ಪೇಟ ಸರಿಮಾಡಿಕೊಂಡು ಮಲಗಿದ. ದೀಪಗಳು ಹತ್ತಿದವು. ಮುನೀರಾ ಹಾಡು ಎತ್ತುವ ಮುಂಚೆ ಅವನನ್ನೊಮ್ಮೆ ನೋಡಿ, ತನ್ನ ಅಂಗೈಯನ್ನು ಅವನ ಬಾಯಿಯ ಮೇಲಿಟ್ಟಳು. ಇದೂ ಚೆನ್ನಾಗಿದೆ ಎಂಬಂತೆ ನಾನುಭಾಯಿ ತಲೆಯಾಡಿಸಿದ. ಹಾಡು ಮುಗಿಯುವವರೆಗೂ ಅವಳು ಕೈ ತೆಗೆಯಲಿಲ್ಲ.