ಅರಿಶಿನ ಕುಂಕುಮಕ್ಕೆ ಬಿಟ್ಟ ಪಾಲು

ದುದ್ದದಲ್ಲಿ ನಮ್ಮಪ್ಪನ ತೋಟಕ್ಕೆ ಜಪ್ತಿ ನೋಟೀಸು ಅಂಟಿಸಿ ಊರೊಳಗೆ ತಮಟೆ ಹೊಡೆಸಿದ ದಿನ ಅಣ್ಣ ಕೆಂಪರಾಜು ಬಸರಾಳಿಗೆ, ನಮ್ಮ ಮನೆಗೆ ಬಂದ. ಅಪ್ಪ ಹೋದ ಮೇಲೆ ಗೌರಿ ಹಬ್ಬಕ್ಕೂ ನನ್ನನ್ನು ಕರೆಯದವನು ಹರಾಜಿಗೆ ಕರೆಯಲು ಬಂದಿದ್ದ. ಎಂಥಾ ಅಣ್ಣ ನೋಡಿ!

ಬಾಕಿ ಪೂರಾ ಅವನದೇ. ಸರ್ಕಾರ ಸಾರಾಯಿ ನಿಲ್ಲಿಸುವುದಕ್ಕೆ ಮುಂಚೆ ಅಂಗಡಿಗಳ ಗುತ್ತಿಗೆ ಹಿಡಿದು ಜೀಪಿನಲ್ಲಿ ಮೆರೆದಿದ್ದ. ಕೊನೆಯ ಕಿಸ್ತುಗಳನ್ನು ಕಟ್ಟಲೇ ಇಲ್ಲ. ಸಾರಾಯಿಯೇ ಹೋಯಿತಲ್ಲ, ಇನ್ನೆಲ್ಲಿಯ ಬಾಕಿ ಎಂದು ಮೀಸೆ ತಿರುವಿದ. ಸರ್ಕಾರ ಮರೆಯುತ್ತದೆಯೇ? ಕೇಸು ಕುಂಟುತ್ತ ನಡೆದು, ಬಡ್ಡಿ ಬೆಳೆದು, ಈಗ ಜಮೀನು ಮಾರಿ ವಸೂಲು ಮಾಡಿ ಎಂದು ಆದೇಶವಾಗಿತ್ತು.

"ನಿನ್ ಪಾಲೂ ಅದೆ ಅಂತ ಅರಾಜಿನೋರಿಗೆ ಏಳು ಇಂದ್ರಿ. ಅರ್ಧನಾರ ಉಳ್ಕತದೆ" ಎಂದ.

ನನಗೆ ಮೈಯೆಲ್ಲ ಉರಿಯಿತು. ಯಾವ ಪಾಲು? ಅಪ್ಪನ ತಿಥಿ ಮುಗಿಯುತ್ತಲೇ, ಖಾತೆ ತನ್ನ ಹೆಸರಿಗಾಗಲಿ ಎಂದು ನನ್ನನ್ನು ಮಂಡ್ಯದ ರಿಜಿಸ್ಟ್ರಾರ್ ಆಫೀಸಿಗೆ ಕರೆದೊಯ್ದವನು ಇವನೇ. ನಮ್ಮ ಕಡೆ ಹೆಣ್ಣುಮಕ್ಕಳು ಒಂದು ಸೀರೆ, ಮಡಿಲಕ್ಕಿ, ಅರಿಶಿನ ಕುಂಕುಮ ತೆಗೆದುಕೊಂಡು ಪಾಲು ಬಿಟ್ಟುಕೊಡುತ್ತಾರೆ. ಪಾಲು ಕೇಳಿದವಳಿಗೆ ತವರಿಲ್ಲ. ನಾನು ಹಿಂದೆಮುಂದೆ ನೋಡಿದಾಗ ಅವ್ವನೇ, "ಸೈನು ಆಕ್ಬುಡವ್ವ. ನಾಳೆ ನನ್ ಎಣ ಎತ್ತೋನು ಅವ್ನೇ ಅಲ್ವಾ" ಎಂದಿದ್ದಳು. ತಾನೂ ಹೆಬ್ಬೆಟ್ಟು ಒತ್ತಿದ್ದಳು. ಆ ಸೀರೆ ಮೊದಲ ಒಗೆತಕ್ಕೇ ಬಣ್ಣ ಬಿಟ್ಟಿತು.

ಮಾಡಿದ್ದುಣ್ಣೋ ಮಹರಾಯ ಎಂದು ಬಾಗಿಲು ಹಾಕಿಕೊಳ್ಳಬೇಕಿತ್ತು. ಆದರೂ ಹೋದೆ, ಅವ್ವನಿಗಾಗಿ. ತೋಟದ ಮೂಲೆಯಲ್ಲಿ, ಹುಣಸೆ ಮರದ ಕೆಳಗೆ, ಅಪ್ಪನನ್ನು ಮಣ್ಣು ಮಾಡಿದ್ದೇವೆ. ಪಕ್ಕದ ಜಾಗ ತನ್ನದೆಂದು ಅವ್ವ ಅಲ್ಲಿ ಒಂದು ಕಳೆ ಏಳಲು ಬಿಡುತ್ತಿರಲಿಲ್ಲ. ಅವಳಿಗೆ ಬೇಕಾಗಿದ್ದದ್ದು ಅಷ್ಟೇ ನೆಲ.

ಹರಾಜಿನ ದಿನ ತಾಲ್ಲೂಕು ಆಫೀಸಿನವರು ತೋಟದಲ್ಲೇ ಕುರ್ಚಿ ಹಾಕಿದರು. ಯಾರದಾದರೂ ತಕರಾರು ಇದೆಯೇ ಎಂದು ಕೇಳಿದಾಗ, ಅಣ್ಣ ನೆಲ ನೋಡುತ್ತ ನಿಂತ. ಎದ್ದವಳು ಅವ್ವ.

"ಸ್ವಾಮಿ, ನನ್ ಮಗಳ ಪಾಲು ಬುಟ್ಬುಡಿ. ಅವ್ಳೇನೂ ಸಾರಾಯಿ ಮಾರ್ನಿಲ್ಲ" ಎಂದಳು.

ಸಾಹೇಬರು ಕೆಟ್ಟವರಲ್ಲ. ಅವ್ವನನ್ನು ಕೂರಿಸಿ, ಮಗಳು ಸಹಿ ಹಾಕದೆ ಇದ್ದಿದ್ದರೆ ಆ ಪಾಲನ್ನು ತಾವು ಮುಟ್ಟುತ್ತಲೇ ಇರಲಿಲ್ಲ ಎಂದು ನಿಧಾನವಾಗಿ ಬಿಡಿಸಿ ಹೇಳಿದರು. ಈಗ ಎಲ್ಲವೂ ಕೆಂಪರಾಜುವಿನದು, ಅದಕ್ಕೇ ಎಲ್ಲವೂ ಹರಾಜಿಗೆ. ಬೈದಿದ್ದರಾದರೂ ವಾಸಿಯಿತ್ತು, ತಿರುಗಿ ಬೈಯಬಹುದಿತ್ತು.

ಮದ್ದೂರಿನ ಕಡೆಯ, ಲೇಔಟ್ ಮಾಡಿ ಸೈಟು ಮಾರುವವನೊಬ್ಬ ಕೂಗಿ ಹಿಡಿದ. ಅಪ್ಪನ ಸಮಾಧಿಯ ಗುಡ್ಡೆಯೊಂದನ್ನು ಬಿಟ್ಟುಬಿಡಪ್ಪ ಎಂದು ಕೇಳಿದ್ದಕ್ಕೆ ನೋಡೋಣ ಎಂದ. ನೋಡೋಣ ಎಂದರೆ ಏನೆಂದು ನಮಗೆ ಗೊತ್ತಿಲ್ಲವೇ? ಅಣ್ಣ ಯಾರ ಜೊತೆಗೂ ಮಾತಾಡದೆ ಊರ ಕಡೆ ನಡೆದುಬಿಟ್ಟ. ಹೆಣ ಎತ್ತುವ ಮಗ!

ಎಲ್ಲರೂ ಹೋದ ಮೇಲೆ ಅವ್ವ ಅಪ್ಪನ ಪಕ್ಕ ಕೂತಳು. ನಾನೂ ಕೂತೆ. ಅವ್ವ ಕೇಳಿದಳು.

"ಇಂದ್ರಿ, ನಿಮ್ಮೊಲದಲ್ಲಿ ನಂಗೊಂದೀಟು ಜಾಗ ಕೊಟ್ಟೀಯೇನವ್ವ?"

ಅಳಿಯನ ಹೊಲದಲ್ಲಿ ಅತ್ತೆಯನ್ನು ಮಣ್ಣು ಮಾಡುವುದು ನಮ್ಮಲ್ಲಿಲ್ಲ. ಪದ್ಧತಿ ಹಾಳಾಗಲಿ, ಕೊಡುತ್ತೇನೆ ಎನ್ನಲು ಬಾಯಿ ತೆರೆದೆ. ಆದರೆ ಹೊಲ ಗಂಡನ ಹೆಸರಿನಲ್ಲಿದೆ. ನನ್ನದು ಎಂದು ಕೊಡಲು ಒಂದು ಕಾಲಕ್ಕೆ ನನಗಿದ್ದ ಒಂದೇ ನೆಲದ ಮೇಲೆ ನಾವಿಬ್ಬರೂ ಕೂತಿದ್ದೆವು.

"ಅವ್ರನ್ನ ಕೇಳ್ತೀನಿ ಕಣವ್ವ" ಎಂದೆ.

ಅವ್ವ ಕೈಚಾಚಿ, ಪಕ್ಕದ ಜಾಗದಲ್ಲಿ ತಲೆಯೆತ್ತಿದ್ದ ಗರಿಕೆಯೊಂದನ್ನು ಕಿತ್ತಳು.