ಎಡಕ್ಕೆ ಹೊಸೆದ ಹಗ್ಗ

ತಮೋನ್ ಜಗಲಿಯಲ್ಲಿ ಕಾಲು ಚಾಚಿ, ಭತ್ತದ ಹುಲ್ಲನ್ನು ಅಂಗೈಗಳ ನಡುವೆ ಹೊಸೆಯುತ್ತಿದ್ದ. ಮಧ್ಯಾಹ್ನದ ಊಟಕ್ಕೆ ಬದಲಾಗಿ ನಾಲ್ಕು ಜೊತೆ ಹುಲ್ಲಿನ ಚಪ್ಪಲಿ ಹೆಣೆದುಕೊಡಬೇಕೆಂದು ತಂಗುಮನೆಯ ಒಡತಿ ಒರಿಕು ಹೇಳಿದ್ದಳು.

“ಏನ್ರೀ ಕತ್ತಿ ದೊರೆ, ಹನ್ನೊಂದು ವರ್ಷ ಊರೂರು ಸುತ್ತಿ ಕಲಿತದ್ದು ಇದೇನಾ?”

“ಅಷ್ಟು ಚಪ್ಪಲಿ ಸವೆಸಿದೀನಲ್ಲ ಅಕ್ಕಾ, ಹೆಣೆಯೋದೂ ಬಂತು.”

ಅವನು ಸವೆಸಿದ್ದೆಲ್ಲ ಕುರುಮೆ ದೈಗೊ ಎಂಬ ಒಬ್ಬನಿಗಾಗಿ. ಹನ್ನೊಂದು ವರ್ಷದ ಹಿಂದೆ ಆ ದೈಗೊ ತಮೋನನ ಮನೆಗೆ ಅತಿಥಿಯಾಗಿ ಬಂದು, ಕತ್ತಿಯನ್ನು ತನ್ನ ಬಲಕ್ಕೆ ಇಟ್ಟು ಕೂತಿದ್ದ. ಬಲಕ್ಕಿಟ್ಟ ಕತ್ತಿಯನ್ನು ಬಲಗೈ ಎಳೆಯಲಾರದು. ನಿಮ್ಮನ್ನು ನಂಬಿದ್ದೇನೆ ಎಂದು ಅದರ ಅರ್ಥ. ಅಪ್ಪ ಆ ಮರ್ಯಾದೆಗೆ ಕರಗಿ ತನ್ನ ಕತ್ತಿಯನ್ನೇ ಒಳಮನೆಗೆ ಕಳಿಸಿಬಿಟ್ಟ. ಆಮೇಲೆ ದೈಗೊನ ಎಡಗೈ ಎದ್ದು ಅಪ್ಪನನ್ನು ಕಡಿದದ್ದನ್ನು ಬಾಗಿಲ ಸಂದಿನಿಂದ ಕಂಡವನು ತಮೋನ್ ಒಬ್ಬನೇ.

ಯಾರೂ ನಂಬಲಿಲ್ಲ. ಸಮುರಾಯಿ ಮನೆಯಲ್ಲಿ ಎಡಚ ಹುಟ್ಟಿದರೂ ಹಾಲುಹಲ್ಲು ಬೀಳುವ ಮೊದಲೇ ಬಲಗೈಗೆ ತಿದ್ದುತ್ತಾರೆ. ಎಡಗೈಯಲ್ಲಿ ಕತ್ತಿ ಎಳೆಯುವವನುಂಟೇ ಎಂದು ಹಿರಿಯರು ನಕ್ಕರು. ಕತ್ತಿ ಮುಟ್ಟದೆ ಸತ್ತ ಹೇಡಿ ಎಂಬ ಮಾತು ಅಪ್ಪನ ಹೆಸರಿಗೆ ಅಂಟಿತು. ಅಮ್ಮನೂ ಅಂದಿದ್ದಳು: “ಹೆದರಿಕೇಲಿ ಏನೋ ಕಂಡಿರ್ಬೇಕು ಬಿಡು, ಮಗಾ.” ಆ ಮಾತು ದೈಗೊನ ಕತ್ತಿಗಿಂತ ಆಳಕ್ಕೆ ಇಳಿದಿತ್ತು. ಕಂಡದ್ದನ್ನೆಲ್ಲ ಅವಳಿಗೆ ಪತ್ರವಾಗಿ ಬರೆದು ಎದೆಯ ಬಳಿ ಇಟ್ಟುಕೊಂಡಿದ್ದ. ಇನ್ನೊಂದು ಜೋಡಿ ಕಣ್ಣು ಆ ಎಡಗೈಯನ್ನು ಕಾಣುವವರೆಗೆ ಕಳಿಸುವುದಿಲ್ಲ, ಮನೆಗೂ ಹೋಗುವುದಿಲ್ಲ.

ಒರಿಕು ಹರಿದ ಚಪ್ಪಲಿಯೊಂದನ್ನು ಅವನ ಮುಂದೆ ಎಸೆದಳು. “ಇದರ ಬಾರೂ ಸರಿಮಾಡ್ರೀ. ಒಳಗೆ ಶಾವಿಗೆ ಹೀರ್ತಾ ಕೂತಿದಾನಲ್ಲ, ಆ ಮುದುಕಂದು. ದೇವರ ಬಾಗಿಲಿಗೆ ಕಟ್ಟೋ ಹಗ್ಗಾನ ಕಾಲಿಗೆ ಕಟ್ಕೊಂಡಿದಾನೆ, ಪಾಪಿ!”

ತಮೋನ್ ಬಾರಿನ ಮೇಲೆ ಬೆರಳಾಡಿಸಿದ. ಮನುಷ್ಯರ ಬಳಕೆಯ ಹಗ್ಗವನ್ನು ಬಲಕ್ಕೆ ಹೊಸೆಯುತ್ತಾರೆ. ಎಡಕ್ಕೆ ಹೊಸೆಯುವುದು ದೇವರಿಗೆ ಮಾತ್ರ. ಇದು ಎಡಕ್ಕಿತ್ತು, ಎಡಚನ ಕೈ ಹೊಸೆದಂತೆ.

“ಅವನೇ ಹೊಸೆದದ್ದಾ?”

“ಇನ್ಯಾರು? ಬೆಳಿಗ್ಗೆ ಇಲ್ಲೇ ಕೂತು ಹೊಸೆದ.”

ದೈಗೊನ ತಿನ್ನುವ ಕೈಯನ್ನು ತಿದ್ದಿದ್ದರು, ಬರೆಯುವ ಕೈಯನ್ನು ತಿದ್ದಿದ್ದರು. ದಾರಿಬದಿಯಲ್ಲಿ ಹುಲ್ಲು ಹೊಸೆಯುವ ಕೈಯನ್ನು ತಿದ್ದಲು ಯಾರೂ ಇರಲಿಲ್ಲ.

“ಅಕ್ಕಾ, ಚಹಾ ತಗೊಂಡು ನನ್ನ ಹಿಂದೇನೇ ಬಾ. ಅವನ ಎಡಗೈ ಮೇಲಿಂದ ಕಣ್ಣು ತೆಗೀಬೇಡ.”

ಒಳಗೆ ಕೂತವನ ತಲೆ ನರೆತಿತ್ತು, ಮುಖ ಅದೇ. ದೈಗೊ ಬಾಗಿ, ಕತ್ತಿಯನ್ನು ಬಲಕ್ಕೆ ಸರಿಸಿದ. ತಮೋನನೂ ತನ್ನ ಕತ್ತಿಯನ್ನು ಬಲಕ್ಕೇ ಇಟ್ಟು ಎದುರು ಕೂತ.

“ನಾನು ಹಿರೋಸೆ ತಮೋನ್. ಹಿರೋಸೆ ಗೆಂಪಾಚಿಯವರ ಮಗ. ಲೆಕ್ಕ ತೀರಿಸೋಕೆ ಬಂದಿದೀನಿ.”

ದೈಗೊ ಊಟದ ಕಡ್ಡಿಗಳನ್ನು ಮೆಲ್ಲಗೆ ಕೆಳಗಿಟ್ಟ. “ಓಹೋ! ನಿಮ್ಮಪ್ಪ ಬಲು ಮರ್ಯಾದಸ್ಥ ಕಣಪ್ಪ. ನೀನೂ ಹಾಗೇ. ಹೆಸರು ಬೇರೆ ಹೇಳ್ಬಿಟ್ಟೆ.”

ತಮೋನ್ ಕಾದ. ಮೊದಲು ಆ ಕೈ ಏಳಬೇಕು, ಒರಿಕು ಅದನ್ನು ಕಾಣಬೇಕು. ದೈಗೊನ ಎಡಗೈ ಹಿಡಿಗೆ ಹಾರಿತು, ಅಲಗು ಅರ್ಧ ಹೊರಬಂತು. ಆಗ ತಮೋನನ ಎಡಗೈ ಎದ್ದಿತು.

ದೈಗೊ ಅಲಗು ಹೊಕ್ಕ ತನ್ನ ಎದೆಯನ್ನೂ ಅವನ ಕೈಯನ್ನೂ ನೋಡಿದ. “ನೀನೂ... ಎಡಚನಾ?”

“ಅಲ್ಲ. ದಿನಾ ಬೆಳಿಗ್ಗೆ ಎದ್ದು ಕಲಿತೆ. ನಿನಗೇ ಅಂತ.”

ದೈಗೊನ ಉಸಿರು ನಿಲ್ಲುವವರೆಗೂ ತಮೋನ್ ಕಣ್ಣು ಕದಲಿಸಲಿಲ್ಲ. ಇಷ್ಟು ಬೇಗ ನಿಂತಿತಲ್ಲ ಎಂದಷ್ಟೇ ಅವನಿಗೆ ಕೊರಗು.

“ಕಂಡೆಯಾ ಅಕ್ಕಾ?”

ಒರಿಕುವಿನ ಚಹಾ ಚಾಪೆಯ ತುಂಬ ಹರಿದಿತ್ತು. “ಕಂಡೆ ಕಣಪ್ಪಾ. ಎಡಗೈಯೇ. ನೂರು ಜನರ ಮುಂದೆ ಬೇಕಾದ್ರೂ ಹೇಳ್ತೀನಿ.”

ಊರಿನ ಮುಖಂಡ ಬಂದು, ತಮೋನನ ಬಳಿಯಿದ್ದ, ದೊರೆಯೇ ಕೊಟ್ಟಿದ್ದ ಸೇಡಿನ ಪರವಾನಗಿ ಓದಿ, ಅವಳ ಹೇಳಿಕೆ ಬರೆದುಕೊಂಡು ಹೋದ. ತಮೋನ್ ಮಡಿಕೆಗಳಲ್ಲಿ ಹರಿದಿದ್ದ ಪತ್ರವನ್ನು ಬಿಡಿಸಿದ. ಕೆಳಗೆ ಆ ಊರಿನ ಹೆಸರನ್ನೂ ಒರಿಕು ಕಂಡದ್ದನ್ನೂ ಬರೆದ. ಒರಿಕು ಹೆಬ್ಬೆರಳಿಗೆ ಮಸಿ ಹಚ್ಚಿಕೊಂಡು ಸಾಕ್ಷಿಗೆ ಒತ್ತಿದಳು.

“ಇನ್ನು ನೀವೇ ಮನೆಗೆ ಹೋಗ್ತೀರಲ್ಲ. ಪತ್ರ ಯಾಕ್ರೀ?”

“ಮೊದಲು ಅದು ಹೋಗ್ಲಿ. ಅಮ್ಮ ಅದನ್ನ ಓದಿ, ಬಾ ಅಂತ ಬರೀಲಿ. ಆಮೇಲೆ ನಾನು.”

ಘಟ್ಟ ಇಳಿಯಲು ಹೊರಟಿದ್ದ ಅಂಚೆಯಾಳು ಬಾಗಿಲಲ್ಲಿ ಓಡುಗಾಲಲ್ಲೇ ನಿಂತಿದ್ದ. ತಮೋನ್ ಪತ್ರವನ್ನು ಅವನ ಪೆಟ್ಟಿಗೆಗೆ ಹಾಕಿ, ಮುಚ್ಚಳವನ್ನು ತಾನೇ ಒತ್ತಿದ.