ಬರೆಯದ ಸ್ವರಕ್ಕೆ ಶಿಳ್ಳೆ

ಗುರುವಾರ ಸಂಜೆ ಮೊದಲ ಶಿಳ್ಳೆ ನನ್ನದೇ. ಶುಕ್ರವಾರ ಬೆಳಿಗ್ಗೆಯವರೆಗೂ ನನಗೆ ಆ ಬಗ್ಗೆ ಹೆಮ್ಮೆಯೇ ಇತ್ತು.

ನಮ್ಮ ಪಾರ್ಮಾ ಊರಿನ ಒಪೆರಾ ಮಂದಿರದಲ್ಲಿ ಹಾಡುಗಾರನ ಹಣೆಬರಹ ಬರೆಯುವವರು ಅಟ್ಟದವರು. ಕೆಳಗೆ ಕೆಂಪು ಮಖಮಲ್ಲಿನ ಕುರ್ಚಿಗಳಲ್ಲಿ ಕೂರುವವರು ಹೊಸ ಕೋಟು ತೋರಿಸಲು ಬರುತ್ತಾರೆ. ಛಾವಣಿಗೆ ತಲೆ ತಾಗುವಂತಿರುವ ಅಟ್ಟಕ್ಕೆ ಬರುವ ನಾವು ಜಗಳಕ್ಕೇ ಬರುತ್ತೇವೆ. ನಮಗೆ ಪಕ್ಕದ ಬಾಗಿಲು, ನಮ್ಮದೇ ಮೆಟ್ಟಿಲು, ಗಟ್ಟಿ ಬೆಂಚು. ಕುದುರೆ ಮಾಂಸದ ಅಂಗಡಿಯ ಫೆರ್ರುಚ್ಚೊ ಯಾವಾಗಲೂ ನನ್ನ ಎಡಕ್ಕೆ ಕೂರುತ್ತಾನೆ. ಹಾಡು ಕೆಟ್ಟಿತು ಅನ್ನಿಸಿದರೆ ಅವನು ಮೊದಲು ನೋಡುವುದು ನನ್ನ ಮುಖ. ಎರಡು ಬೆರಳು ಬಾಯಿಗಿಟ್ಟು ನಾನು ಹೊಡೆಯುವ ಶಿಳ್ಳೆ ಕೊನೆಯಲ್ಲಿ ಪ್ರಶ್ನೆ ಕೇಳಿದ ಹಾಗೆ ಮೇಲಕ್ಕೆ ತಿರುಗುತ್ತದೆ. ನಮ್ಮಲ್ಲಿ ಶಿಳ್ಳೆ ಎಂದರೆ ಮೆಚ್ಚುಗೆಯಲ್ಲ, ಛೀಮಾರಿ. ಅದು ಬಂತೆಂದರೆ ಉಳಿದವರಿಗೆ ಅಪ್ಪಣೆ ಸಿಕ್ಕ ಹಾಗೆ.

ಗುರುವಾರ ಹಾಡಿದ್ದು ದಕ್ಷಿಣದಿಂದ ಬಂದ ಹೊಸ ಹುಡುಗ, ಎತ್ತರದ ಗಂಡುದನಿಯ ಟೆನರ್. ಮೂರನೆಯ ಅಂಕದ ಕೊನೆಯಲ್ಲಿ, ಬೆಂಕಿಗೆ ಆಹುತಿಯಾಗಲಿರುವ ತಾಯಿಯನ್ನು ಬಿಡಿಸಲು ಮಗ ಕತ್ತಿ ಹಿರಿದು ಹೊರಡುವ ಹಾಡು ಬರುತ್ತದೆ. ಅದರ ತುದಿಯಲ್ಲಿ ತಾರಸ್ಥಾಯಿಯ ಒಂದು ಸ್ವರಕ್ಕಾಗಿ ಇಡೀ ಅಟ್ಟ ಉಸಿರು ಬಿಗಿಹಿಡಿದು ಕಾಯುತ್ತದೆ. ತಮಾಷೆಯೆಂದರೆ ಈ ಒಪೆರಾ ರಚಿಸಿದ ಮಾಯೆಸ್ತ್ರೊ ಆ ಸ್ವರವನ್ನು ಬರೆಯಲೇ ಇಲ್ಲ. ನಮ್ಮ ಸೀಮೆಯಲ್ಲಿ ಮಾಯೆಸ್ತ್ರೊ ಎಂದರೆ ಒಬ್ಬನೇ, ಯಾರೆಂದು ಕೇಳುವವನು ಊರಿನವನಲ್ಲ. ಹಾಡುಗಾರರು ಅದನ್ನು ತಾವಾಗಿ ಸೇರಿಸಿದರು, ನಮ್ಮ ಅಜ್ಜಂದಿರು ಚಪ್ಪಾಳೆ ತಟ್ಟಿದರು, ಬರಬರುತ್ತಾ ಅದು ನಮ್ಮ ಹಕ್ಕಾಯಿತು. ಈ ಹುಡುಗ ಬರೆದಿದ್ದನ್ನು ಬರೆದ ಹಾಗೆಯೇ ಹಾಡಿ ನಿಲ್ಲಿಸಿದ. ಫೆರ್ರುಚ್ಚೊ ನನ್ನ ಮುಖ ನೋಡಿದ. ಬೆರಳು ತಾವಾಗಿಯೇ ಬಾಯಿಗೆ ಹೋದವು. ಆಮೇಲೆ ಅಟ್ಟಕ್ಕೆ ಅಟ್ಟವೇ ಎದ್ದಿತು. ಆಟ ಮುಗಿದ ಮೇಲೆ ಹುಡುಗ ತೆರೆಯ ಮುಂದೆ ಬಂದು ತಲೆ ಬಾಗಿಸಲೂ ಇಲ್ಲ.

ಹೊಟ್ಟೆಪಾಡಿಗೆ ನಾನು ಮಾಡುವುದು ಪ್ರವಾಸಿಗರನ್ನು ಒಪೆರಾದ ಜಾಡು ಹಿಡಿದು ಊರು ಸುತ್ತಿಸುವ ಕೆಲಸ. ಬಸ್ಸಿಲ್ಲ, ಕೊಡೆಯಿಲ್ಲ, ಬಾವುಟವಿಲ್ಲ. ಕಾಲು ಮತ್ತು ನನ್ನ ಬಾಯಿ. ಶುಕ್ರವಾರ ಬೆಳಿಗ್ಗೆ ರಂಗಮಂದಿರದ ಹಳದಿ ಗೋಡೆಯ ಮುಂದೆ ಬಂದು ನಿಂತವರು ವೆರೋನಾದ ಗಂಡಹೆಂಡತಿ, ಮತ್ತು ಬೂದು ಕೋಟಿನ ಒಬ್ಬ ಹೆಂಗಸು. ಅರವತ್ತು ದಾಟಿದ್ದಿರಬೇಕು. ಹೆಸರು ಎರ್ಸಿಲಿಯಾ ಎಂದಳು. ಕೈಯಲ್ಲಿ ಬಿಸ್ಕತ್ತಿನ ಡಬ್ಬಿ.

"ನಿನ್ನೆ ಇಲ್ಲೊಂದು ಸಾವಾಯ್ತು," ಎಂದು ಶುರುಮಾಡಿದೆ.

"ಯಾರು ಸತ್ರು?" ವೆರೋನಾದವನು ಕೇಳಿದ.

"ಒಬ್ಬ ಟೆನರ್ ಸ್ವಾಮಿ. ದಕ್ಷಿಣದಲ್ಲಿ ಟೊಮೆಟೊ ಬೆಳೆದ ಹಾಗೆ ಟೆನರ್‌ಗಳನ್ನೂ ಬೆಳೀತಾರಲ್ಲ, ಇವನನ್ನ ಇನ್ನೂ ಕಾಯಿ ಇರೋವಾಗ್ಲೇ ಕಿತ್ತು ಕಳಿಸ್ಬಿಟ್ಟಿದ್ದಾರೆ."

ಗಂಡಹೆಂಡತಿ ಹೊಟ್ಟೆ ಹಿಡಿದುಕೊಂಡು ನಕ್ಕರು. ಎರ್ಸಿಲಿಯಾ ನಗಲಿಲ್ಲ. ಡಬ್ಬಿ ತೆರೆದು ನನ್ನ ಮುಂದೆ ಹಿಡಿದಳು.

"ತಗೊಳ್ಳಿ, ಸೋಂಪು ಹಾಕಿದ್ದು. ಮನೇಲಿ ಮಾಡಿದ್ದು. ಮಾತಾಡಿ ಮಾತಾಡಿ ನಿಮ್ಮ ಬಾಯಿ ಒಣಗಿರುತ್ತೆ."

ಎರಡು ತೆಗೆದುಕೊಂಡೆ. ಚೆನ್ನಾಗಿದ್ದವು. ಈಗ ನೆನೆಸಿಕೊಂಡರೆ ಅವೇ ಗಂಟಲಲ್ಲಿ ಸಿಕ್ಕಿಕೊಂಡ ಹಾಗಾಗುತ್ತದೆ.

ಸಂಗೀತ ಶಾಲೆಯ ಹಿಂದಿನ ಓಣಿಯಲ್ಲಿ ಯಾವಾಗಲೂ ಕಿಟಕಿಗಳಿಂದ ಹಾಡು ಸೋರುತ್ತಿರುತ್ತದೆ. ಅಂದು ಯಾರೋ ವಿದ್ಯಾರ್ಥಿ ಅದೇ ಹಾಡನ್ನು ತಿಕ್ಕುತ್ತಿದ್ದ. ತುದಿಯ ಸ್ವರಕ್ಕೆ ಹಾರಿದ, ಗಂಟಲು ಒಡೆಯಿತು, ಮತ್ತೆ ಹಾರಿದ.

"ಪಾಪ, ಒಡೆದುಹೋಯ್ತಲ್ಲ," ಎಂದಳು ಎರ್ಸಿಲಿಯಾ.

"ಒಡೀಲಿ ಬಿಡಿ ಸಿಗ್ನೋರಾ. ಹಾರೋಕೆ ಧೈರ್ಯ ಮಾಡಿದ್ನಲ್ಲ, ನಮಗೆ ಅಷ್ಟು ಸಾಕು. ನಿನ್ನೆಯವನು ಹಾರಲೇ ಇಲ್ಲ."

"ನೀವು ನಿನ್ನೆ ಇದ್ರಾ?"

"ನಾನಿಲ್ದೆ ಅಟ್ಟ ಎಲ್ಲಿದೆ?" ಎಂದು ಎದೆಯುಬ್ಬಿಸಿದೆ.

ಸೇತುವೆಯ ಮೇಲೆ ವೆರೋನಾದವರು ಫೋಟೋ ತೆಗೆಯುತ್ತ ಹಿಂದೆ ಬಿದ್ದರು. ಹೊಳೆಯಲ್ಲಿ ನೀರಿಗಿಂತ ಕಲ್ಲೇ ಹೆಚ್ಚಿದ್ದ ಕಾಲ, ಫೋಟೋದಲ್ಲಿ ಅದೇನು ಸಿಕ್ಕೀತೋ! ನನ್ನ ಗುಂಪನ್ನು ನಾನು ಕೂಗಿ ಕರೆಯುವುದಿಲ್ಲ. ಬೆರಳು ಬಾಯಿಗಿಟ್ಟು ಶಿಳ್ಳೆ ಹೊಡೆದೆ. ಇಬ್ಬರೂ ಓಡಿ ಬಂದರು. ಎರ್ಸಿಲಿಯಾ ಮಾತ್ರ ನಿಂತಲ್ಲೇ ನಿಂತಳು. ಡಬ್ಬಿಯ ಮುಚ್ಚಳ ಹಾಕಿ, ಚೀಲದೊಳಗಿಟ್ಟು, ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿದಳು.

"ಜೋರಾಗಿದೆ ನಿಮ್ಮ ಶಿಳ್ಳೆ."

"ಊರಿಗೆಲ್ಲ ಗೊತ್ತಿರೋದೇ," ಎಂದೆ, ಹೊಗಳಿಕೆ ಎಂದುಕೊಂಡು.

ಹೊಳೆಯಾಚೆ ನಮ್ಮ ಬಡವರ ಕೇರಿ. ಅಲ್ಲಿನ ಸಣ್ಣ ಬೀದಿಯೊಂದರ ಸಣ್ಣ ಮನೆಯಲ್ಲಿ, ಒಬ್ಬ ದರ್ಜಿಯ ಮಗನಾಗಿ, ಜಗತ್ತನ್ನೇ ನಡುಗಿಸಿದ ವಾದ್ಯವೃಂದದ ನಿರ್ದೇಶಕ ಹುಟ್ಟಿದ. ಆ ಬಾಗಿಲ ಮುಂದೆ ನಾನು ಮಾಡುವ ಭಾಷಣ ನನಗೇ ಬಹಳ ಇಷ್ಟ. ಟೋಪಿ ತೆಗೆದು, ದನಿ ತಗ್ಗಿಸಿ ಹೇಳುತ್ತೇನೆ: "ಈ ಮನುಷ್ಯನಿಗೆ ಸ್ವರಲಿಪಿ ಅಂದ್ರೆ ದೇವರ ಮಾತು. ಬರೆದಿರೋದನ್ನ ಬರೆದ ಹಾಗೆ ಹಾಡಿ. ಒಂದು ಸ್ವರ ಹೆಚ್ಚಿಲ್ಲ, ಒಂದು ಸ್ವರ ಕಮ್ಮಿ ಇಲ್ಲ. ಚಪ್ಪಾಳೆ ಆಸೆಗೆ ಸ್ವರ ಸೇರಿಸೋನು ಕಳ್ಳ!" ಇಲ್ಲಿ ಎಲ್ಲರೂ ತಲೆದೂಗುತ್ತಾರೆ. ವೆರೋನಾದವರೂ ತಲೆದೂಗಿದರು.

"ಒಂದು ಕೇಳ್ಲಾ?" ಎರ್ಸಿಲಿಯಾ ಮೆಲ್ಲಗೆ ಎಂದಳು. "ನಿನ್ನೆ ಆ ಹುಡುಗ ಬಿಟ್ಟ ಸ್ವರ, ಅದು ಬರೆದಿದೆಯಾ?"

ನನ್ನ ಟೋಪಿ ಇನ್ನೂ ಕೈಯಲ್ಲೇ ಇತ್ತು. "ಇಲ್ಲ," ಎಂದೆ.

"ಹಾಗಾದ್ರೆ ಅವನು ಹಾಡಿದ್ದು ಸರಿ."

"ಸರಿ ಅಂದ್ರೆ... ಸರಿನೇ. ಆದ್ರೆ ಇಲ್ಲಿನ ಪದ್ಧತಿ ಬೇರೆ ಸಿಗ್ನೋರಾ."

"ಅವನು ಕಳ್ಳ ಆಗ್ಬೇಕಿತ್ತು ಅಂತೀರಿ."

ವೆರೋನಾದವನು ಗೊಳ್ಳೆಂದು ನಕ್ಕ. ನನ್ನ ಮುಖಕ್ಕೆ ಬಿಸಿ ಏರಿತು. ಇಷ್ಟು ವರ್ಷ ಅಟ್ಟದಲ್ಲಿ ಒಂದು ಮಾತು, ಈ ಬಾಗಿಲಲ್ಲಿ ಇನ್ನೊಂದು ಮಾತು ಆಡಿಕೊಂಡು ಬಂದಿದ್ದೆ. ಎರಡನ್ನೂ ಒಟ್ಟಿಗೆ ಹಿಡಿದು ನನ್ನ ಮುಂದೆ ಯಾರೂ ಇಟ್ಟಿರಲಿಲ್ಲ.

ನಡಿಗೆ ಮುಗಿದು ಗಂಡಹೆಂಡತಿ ಹೊರಟರು. ಎರ್ಸಿಲಿಯಾ ಮೂಲೆಯ ಕಾಫಿ ಅಂಗಡಿಗೆ ನನ್ನನ್ನು ಕರೆದಳು. ಕಟ್ಟೆಯ ಮುಂದೆ ನಿಂತು ಕಾಫಿಗೆ ಸಕ್ಕರೆ ಹಾಕಿ ಸುಮ್ಮನೆ ತಿರುಗಿಸುತ್ತಲೇ ಇದ್ದಳು.

"ಅವನ ಹೆಸರು ನಿಕಾಂದ್ರೊ," ಎಂದಳು. "ನನ್ನ ಮಗ."

ಟೊಮೆಟೊ, ಕಾಯಿ, ಸಾವು, ಬೆಳಗಿನಿಂದ ಆಡಿದ ಮಾತೆಲ್ಲ ಒಂದೊಂದಾಗಿ ಕಿವಿಗೆ ವಾಪಸು ಬಂದವು.

"ಸಿಗ್ನೋರಾ, ನನಗೆ ಗೊತ್ತಿರ್ಲಿಲ್ಲ..."

"ಗೊತ್ತಿರ್ಲಿಲ್ಲ ಅಂತ ಗೊತ್ತು ಬಿಡಿ. ಅವನು ಬೆಳಿಗ್ಗೆಯಿಂದ ರೂಮಿನ ಬಾಗಿಲು ಹಾಕ್ಕೊಂಡು ಪೆಟ್ಟಿಗೆ ತುಂಬ್ತಿದ್ದಾನೆ. ಮಧ್ಯಾಹ್ನದ ಟ್ರೇನಿಗೆ ಊರಿಗೆ ಹೋಗ್ತಾನಂತೆ. ಭಾನುವಾರದ ಆಟ ಬೇರೆ ಯಾರಾದ್ರೂ ಹಾಡ್ಲಿ, ಇನ್ಮೇಲೆ ಹಾಡೋದೇ ಇಲ್ಲ ಅಂತಾನೆ. ಇವರು ಎಂಥಾ ಜನ ಅಂತ ನೋಡೋಣ ಅಂತಾನೇ ನಾನು ನಿಮ್ಮ ಜೊತೆ ಬಂದಿದ್ದು." ಚಮಚ ಕೆಳಗಿಟ್ಟಳು. "ತಾಯಿ ಹೇಳಿದ್ರೆ ಅವನು ನಂಬಲ್ಲ. ತಾಯಂದಿರು ಎಲ್ಲಾದಕ್ಕೂ ಚೆನ್ನಾಗಿದೆ ಅಂತಾರೆ. ಆ ಮನೆ ಬಾಗಿಲಲ್ಲಿ ನೀವು ಸರಿ ಅಂದ್ರಲ್ಲ, ಅದನ್ನ ಅವನ ಮುಂದೆ ಬಂದು ಹೇಳಿ. ಅಟ್ಟದವರೊಬ್ಬರು ಹೇಳ್ಬೇಕು."

ಏನಾದರೂ ನೆಪ ಹೇಳಬಹುದಿತ್ತು. ಟೋಪಿ ಹಾಕಿಕೊಂಡು ಅವಳ ಹಿಂದೆ ಹೊರಟೆ.

ಊರು ತೋರಿಸುವ ನಾನು ಅಂದು ಹೋಟೆಲಿನವರೆಗೆ ತಲೆ ಎತ್ತದೆ ನಡೆದೆ. ದಾರಿಯುದ್ದಕ್ಕೂ ಲೆಕ್ಕಾಚಾರ. ನಿಜ ಹೇಳಿಬಿಡಲೇ? "ನೀನು ಹಾಡಿದ್ದು ಸರಿ, ಶಿಳ್ಳೆ ಹೊಡೆದವನು ನಾನೇ" ಎಂದರೆ ಆ ಹುಡುಗ ನನ್ನ ಮಾತಿಗೆ ಯಾವ ಬೆಲೆ ಕೊಟ್ಟಾನು? ಹೀಗೆಲ್ಲ ಯೋಚಿಸಿದೆ, ಅವನ ಒಳ್ಳೆಯದಕ್ಕೇ ಎನ್ನುವ ಹಾಗೆ. ನಿಜಕ್ಕೂ ನನಗಿದ್ದದ್ದು ಭಯ. ಕತ್ತಲಲ್ಲಿ, ಗುಂಪಿನ ನಡುವೆ ಕೂತು ಶಿಳ್ಳೆ ಹೊಡೆಯುವುದೇ ಬೇರೆ. ಹಗಲು ಹೊತ್ತಿನಲ್ಲಿ ಆ ಮುಖವನ್ನು ನೋಡುವುದು ಬೇರೆ.

ಮುಖ ನಾನು ಅಂದುಕೊಂಡದ್ದಕ್ಕಿಂತ ಚಿಕ್ಕ ವಯಸ್ಸಿನದು. ರಂಗದ ಮೇಲೆ ಗಡ್ಡ ಅಂಟಿಸಿದ್ದರು. ಮಂಚದ ಮೇಲೆ ತೆರೆದ ಪೆಟ್ಟಿಗೆ, ಅರ್ಧ ಮಡಚಿದ ಬಿಳಿ ಅಂಗಿ.

"ಇವರು ಅಮಿಲ್ಕಾರೆ," ಎಂದಳು ತಾಯಿ. "ಅಟ್ಟದವರು."

"ಇನ್ನೂ ಏನಾದ್ರೂ ಬಾಕಿ ಇತ್ತಾ?" ಎಂದ ನಿಕಾಂದ್ರೊ. ಅಂಗಿ ಎತ್ತಿಕೊಂಡು ಮತ್ತೆ ಮಡಚತೊಡಗಿದ.

"ಪುಟ್ಟಾ, ಒಂದ್ನಿಮಿಷ ಕೇಳು," ಎಂದಳು ಎರ್ಸಿಲಿಯಾ.

ನಾನು ಹೇಳಿದೆ. ಅವನು ಹಾಡಿದ್ದು ಮಾಯೆಸ್ತ್ರೊ ಬರೆದದ್ದು, ಅಷ್ಟೇ ಬರೆದದ್ದು. ಕೊನೆಯ ಸಾಲಿನಲ್ಲಿ ಅವನು ದನಿ ಏರಿಸದೆ ಬಿಗಿಹಿಡಿದದ್ದರಿಂದ, ಆ ಮಗ ಬೆದರಿ ಓಡುವವನ ಹಾಗೆ ಕೇಳಿದ, ಮೆರೆಯುವವನ ಹಾಗಲ್ಲ. ಬಾಯಿ ಆಡುತ್ತಿದ್ದಂತೆ ನನಗೇ ಹೊಳೆಯಿತು: ಇದು ಸಮಾಧಾನದ ಮಾತಲ್ಲ. ಗುರುವಾರ ಅಟ್ಟದಲ್ಲಿ ಅದನ್ನು ಕೇಳಿ ನನ್ನ ಮೈ ಜುಮ್ಮೆಂದಿತ್ತು. ಫೆರ್ರುಚ್ಚೊ ತಿರುಗಿ ನೋಡುವವರೆಗೂ ಆ ಹಾಡು ನನಗೆ ಇಷ್ಟವಾಗಿತ್ತು. ಇಷ್ಟವಾದ ಹಾಡಿಗೇ ಶಿಳ್ಳೆ ಹೊಡೆದಿದ್ದೆ! ಇದಕ್ಕಿಂತ ನಾಚಿಕೆಗೇಡು ಏನಿದೆ?

ಹುಡುಗ ಅಂಗಿಯನ್ನು ಕೈಯಲ್ಲೇ ಹಿಡಿದು ಕೇಳುತ್ತಿದ್ದ.

"ನೀವು ಶಿಳ್ಳೆ ಹೊಡೀಲಿಲ್ವಾ?"

ಎರ್ಸಿಲಿಯಾ ಕಿಟಕಿಯ ಹತ್ತಿರ ನಿಂತಿದ್ದಳು. ನನ್ನ ಕಡೆ ನೋಡಲಿಲ್ಲ.

"ಇಲ್ಲ," ಎಂದೆ.

"ಮೊದಲು ಹೊಡೆದೋನು ಯಾರು? ಒಬ್ಬ ಹೊಡೆದ ಮೇಲೆ ತಾನೇ ಉಳಿದೋರು ಶುರು ಮಾಡಿದ್ದು."

"ಕತ್ತಲು ನೋಡಿ. ಗೊತ್ತಾಗ್ಲಿಲ್ಲ."

ಅವನು ಅಂಗಿಯನ್ನು ಕೊಡವಿ, ಅಲಮಾರಿಯ ಬಾಗಿಲು ತೆಗೆದು ನೇತುಹಾಕಿದ.

"ಒಬ್ರಾದ್ರೂ ಕೇಳಿಸ್ಕೊಂಡ್ರಲ್ಲ, ಸಾಕು. ಭಾನುವಾರ ಹಾಡ್ತೀನಿ. ಹೀಗೇ ಹಾಡ್ತೀನಿ. ನೀವೆಲ್ಲಿ ಕೂರ್ತೀರಿ ಹೇಳಿ, ನಿಮ್ಮ ಕಡೆ ನೋಡ್ಕೊಂಡು ಹಾಡ್ತೀನಿ."

ಎಡಗಡೆಯ ಕಂಬದ ಪಕ್ಕ, ಮೊದಲ ಸಾಲು ಎಂದು ಹೇಳಿದೆ. ಅವನ ಕೈ ಕುಲುಕಿದೆ. ಶಿಳ್ಳೆ ಹೊಡೆದ ಎರಡು ಬೆರಳು ಅವನ ಅಂಗೈಯಲ್ಲಿ ಸುಡುತ್ತಿದ್ದವು.

ತಾಯಿ ಮೆಟ್ಟಿಲವರೆಗೆ ಬಂದಳು. ಬಾಗಿಲು ಎಳೆದುಕೊಂಡು ತಗ್ಗಿದ ದನಿಯಲ್ಲಿ ಹೇಳಿದಳು:

"ನಿನ್ನೆ ನಾನು ಕೆಳಗಡೆ ಬಾಕ್ಸ್‌ನಲ್ಲಿ, ನಿಮಗೆ ಸರಿಯಾಗಿ ಕೆಳಗೇ ಕೂತಿದ್ದೆ. ಆ ಮೊದಲನೇ ಶಿಳ್ಳೆ ಕೊನೆಗೆ ಮೇಲಕ್ಕೆ ತಿರುಗ್ತು. ಇವತ್ತು ಸೇತುವೆ ಮೇಲೂ ತಿರುಗ್ತು."

ಮೆಟ್ಟಿಲ ಕಂಬಿ ಹಿಡಿದುಕೊಂಡೆ. "ಗೊತ್ತಿದ್ದೂ ಕರ್ಕೊಂಡು ಬಂದ್ರಾ?"

"ಅಲ್ಲೇ ಹೇಳಿದ್ರೆ ಬರ್ತಿದ್ರಾ?"

"ಸಿಗ್ನೋರಾ, ಈಗ್ಲೇ ಒಳಗೆ ಹೋಗಿ ಅವನಿಗೆ ಹೇಳ್ಬಿಡ್ತೀನಿ."

"ಬೇಡ!" ಮೊದಲ ಬಾರಿಗೆ ಅವಳ ದನಿ ಗಡುಸಾಯಿತು. "ನಿಮ್ಮ ಮನಸ್ಸು ಹಗುರ ಮಾಡ್ಕೊಳ್ಳೋಕೆ ಅವನ ಅಂಗೀನ ಮತ್ತೆ ಪೆಟ್ಟಿಗೆಗೆ ಹಾಕಿಸ್ಬೇಡಿ. ಭಾರ ಇದ್ರೆ ನೀವೇ ಇಟ್ಕೊಳ್ಳಿ. ಭಾನುವಾರ ಬಂದು ಅದೇ ಜಾಗದಲ್ಲಿ ಕೂತ್ಕೊಳ್ಳಿ. ಅವನು ನೋಡಿದಾಗ ಜಾಗ ಖಾಲಿ ಇರ್ಬಾರ್ದು."

ಭಾನುವಾರ ಮಧ್ಯಾಹ್ನದ ಆಟಕ್ಕೆ ಅಟ್ಟ ತುಂಬಿತ್ತು. ಗುರುವಾರದ ಸುದ್ದಿ ಹಬ್ಬಿ, ಬೇಟೆ ನೋಡುವ ಆಸೆಯವರೂ ಬಂದಿದ್ದರು. ಫೆರ್ರುಚ್ಚೊ ಕೈ ತಿಕ್ಕುತ್ತ ಕೂತಿದ್ದ. ನಾನು ಕೈಗಳನ್ನು ತೊಡೆಯ ಕೆಳಗೆ ಇಟ್ಟುಕೊಂಡಿದ್ದೆ.

ಹಾಡು ಬಂತು. ನಿಕಾಂದ್ರೊ ಕತ್ತಿ ಹಿರಿದು ನೇರವಾಗಿ ಎಡಗಡೆಯ ಕಂಬದ ಕಡೆ ನೋಡಿದ. ನನಗೆಂದೇ ಹಾಡಿದ. ಕೊನೆಯ ಸಾಲು ಬರೆದ ಹಾಗೆಯೇ ಬಂದು, ಬರೆದಲ್ಲೇ ನಿಂತಿತು. ಗುರುವಾರಕ್ಕಿಂತ ಚೆನ್ನಾಗಿತ್ತು. ಅಟ್ಟ ಸದ್ದಿಲ್ಲದೆ ಕಾಯಿತು. ಫೆರ್ರುಚ್ಚೊ ನನ್ನ ಮುಖ ನೋಡಿದ.

ಎದ್ದು ನಿಂತು ಚಪ್ಪಾಳೆ ತಟ್ಟಿದೆ. ಒಬ್ಬನದೇ ಚಪ್ಪಾಳೆ ಎಷ್ಟು ಬೆಪ್ಪಾಗಿ ಕೇಳುತ್ತದೆಂದು ಅಂದೇ ಗೊತ್ತಾದದ್ದು. "ಕೂತ್ಕೊಳೋ, ತಲೆ ಕೆಟ್ಟಿದ್ಯಾ?" ಎಂದು ಹಿಂದಿನಿಂದ ಯಾರೋ ಕೂಗಿದರು. ನಾನು ನಿಲ್ಲಿಸಲಿಲ್ಲ. ಮೂಲೆಯಿಂದ ಒಬ್ಬರು ಸೇರಿಕೊಂಡರು, ಕೆಳಗಿನಿಂದ ಕೆಲವರು. ಅಟ್ಟದ ಅರ್ಧ ಗೊಣಗುತ್ತಲೇ ಇತ್ತು. ಆದರೆ ಶಿಳ್ಳೆ ಬರಲಿಲ್ಲ. ಅವರಿಗೆ ಅಪ್ಪಣೆ ಸಿಕ್ಕಿರಲಿಲ್ಲ.

ಅಂಕದ ತೆರೆ ಬಿದ್ದ ಕೂಡಲೇ ನಿಕಾಂದ್ರೊ ಅದರ ಮುಂದೆ ಬಂದ. ಎದೆಯ ಮೇಲೆ ಕೈಯಿಟ್ಟು, ಉಳಿದ ಯಾರಿಗೂ ಅಲ್ಲ, ನನಗೇ ತಲೆ ಬಾಗಿದ. ಕೆಳಗಿನ ಬಾಕ್ಸ್‌ನಿಂದ ಎರ್ಸಿಲಿಯಾ ಕತ್ತು ಹೊರಳಿಸಿ ಮೇಲೆ ನೋಡಿದಳು. ನಾನು ಕಣ್ಣು ತಪ್ಪಿಸಿದೆ.

ಫೆರ್ರುಚ್ಚೊ ನನ್ನ ತೋಳು ಜಗ್ಗಿದ. "ಏನೋ ಇದು, ಅವನು ನಿನಗೆ ತಲೆ ಬಾಗಿಸ್ತಾನೆ? ಗುರುವಾರ ಶುರು ಮಾಡಿದ್ದು ನೀನೇ ಅಂತ ಅವನಿಗೆ ಗೊತ್ತಿಲ್ವೇನೋ?"

"ಗೊತ್ತಿಲ್ಲ," ಎಂದೆ, ಚಪ್ಪಾಳೆ ತಟ್ಟುತ್ತಲೇ.